ಆಮ್‌ಸ್ಟರ್‌ಡ್ಯಾಮ್ ಸಿಟಿ ಕಾರ್ಡ್: ಮೊದಲು ಲೆಕ್ಕ, ಆಮೇಲೆ ಸುತ್ತಾಟ

ಮಗನೋ ಮಗಳೋ ನೆದರ್‌ಲೆಂಡ್ಸ್‌ನಲ್ಲಿ ಕೆಲಸಕ್ಕಿದ್ದು, ಬೇಸಿಗೆಯಲ್ಲಿ ಅಪ್ಪ ಅಮ್ಮನನ್ನು ಕರೆಸಿಕೊಳ್ಳುವುದು ಈಗ ನಮ್ಮಲ್ಲಿ ಮಾಮೂಲಿ. ಐಂಡ್‌ಹೋವನ್, ಆಮ್‌ಸ್ಟೆಲ್‌ವೇನ್ ಕಡೆ ಕನ್ನಡ ಮಾತು ಕಿವಿಗೆ ಬಿದ್ದರೆ ಯಾರೂ ತಿರುಗಿ ನೋಡುವುದಿಲ್ಲ. ಮಕ್ಕಳಿಗೆ ವಾರವಿಡೀ ಆಫೀಸು. ಹಾಗಾಗಿ ಆಮ್‌ಸ್ಟರ್‌ಡ್ಯಾಮ್ ಸುತ್ತುವುದು ಎಷ್ಟೋ ಸಲ ಅಪ್ಪ ಅಮ್ಮನ ಪಾಲಿಗೇ ಬರುತ್ತದೆ. ಆಗ ಸಿಗುವ ಸಲಹೆ ಒಂದೇ: ‘ಸಿಟಿ ಕಾರ್ಡ್ ತಗೊಂಡುಬಿಡಿ, ಎಲ್ಲಾ ಫ್ರೀ.’

ಎಲ್ಲಾ ಫ್ರೀ ಅಲ್ಲ. ‘ಐ ಆಮ್‌ಸ್ಟರ್‌ಡ್ಯಾಮ್ ಸಿಟಿ ಕಾರ್ಡ್’ ಒಳ್ಳೆಯ ಕಾರ್ಡೇ. ಹತ್ತಾರು ಮ್ಯೂಸಿಯಂಗಳ ಪ್ರವೇಶ, ಒಂದು ಸಲ ಕಾಲುವೆಯಲ್ಲಿ ದೋಣಿ ಸವಾರಿ, ನಗರದ ಟ್ರಾಮ್, ಬಸ್, ಮೆಟ್ರೋ, ಜೊತೆಗೆ ಒಂದು ದಿನ ಬಾಡಿಗೆ ಸೈಕಲ್ ಕೂಡ ಅದರಲ್ಲಿ ಸೇರಿದೆ. ಆದರೆ ಇದು ಆಟೋ ಮೀಟರ್ ಇದ್ದ ಹಾಗೆ. ಒಮ್ಮೆ ಹಾಕಿದ ಮೇಲೆ ನೀವು ಸಿಗ್ನಲ್‌ನಲ್ಲಿ ನಿಂತಿದ್ದರೂ ಓಡುತ್ತಲೇ ಇರುತ್ತದೆ. ಯಾವಾಗ ಹಾಕಬೇಕು ಅನ್ನುವುದು ಗೊತ್ತಿದ್ದವರಿಗೆ ಮಾತ್ರ ಲಾಭ.

ಕಾರ್ಡ್‌ನಲ್ಲಿ ಇಲ್ಲದ್ದನ್ನು ಮೊದಲು ಬರೆದುಕೊಳ್ಳಿ

ಇಲ್ಲೇ ಜಾಸ್ತಿ ಜನ ಎಡವುವುದು. ಆಮ್‌ಸ್ಟರ್‌ಡ್ಯಾಮ್ ಅಂದ ಕೂಡಲೇ ನೆನಪಾಗುವ ಎರಡು ಜಾಗಗಳು ಈ ಕಾರ್ಡ್‌ನಲ್ಲಿ ಇಲ್ಲವೇ ಇಲ್ಲ: ವ್ಯಾನ್ ಗಾಗ್ ಮ್ಯೂಸಿಯಂ ಮತ್ತು ಆನ್ ಫ್ರಾಂಕ್ ಮನೆ. ಎರಡಕ್ಕೂ ಆನ್‌ಲೈನ್‌ನಲ್ಲಿ ಬೇರೆಯಾಗಿ, ಹೊತ್ತು ಗೊತ್ತು ಮಾಡಿಕೊಂಡೇ ಟಿಕೆಟ್ ತೆಗೆಯಬೇಕು. ಆನ್ ಫ್ರಾಂಕ್ ಮನೆಯ ಟಿಕೆಟ್ ಪ್ರತಿ ಮಂಗಳವಾರ ಬಿಡುಗಡೆ ಆಗುತ್ತದೆ, ಅದೂ ಆರು ವಾರ ಮುಂದಿನ ದಿನಗಳಿಗೆ. ಬೇಗ ಖಾಲಿಯಾಗುತ್ತದೆ. ವಿಮಾನದ ಟಿಕೆಟ್ ಆದ ಮೇಲೆ ನೀವು ಮಾಡಬೇಕಾದ ಮೊದಲ ಕೆಲಸ ಇದು, ಕಾರ್ಡ್ ಕೊಳ್ಳುವುದಲ್ಲ. ಅಲ್ಲಿಗೆ ಹೋಗಿ ಬಾಗಿಲಲ್ಲಿ ಕೇಳೋಣ ಅಂದರೆ ಸುಮ್ನೆ ನಡೆದದ್ದಷ್ಟೇ ಬಂತು.

ರೈಲೂ ಕಾರ್ಡ್‌ಗೆ ಸೇರಿಲ್ಲ. ಸ್ಕಿಪೋಲ್ ವಿಮಾನ ನಿಲ್ದಾಣದಿಂದ ಸೆಂಟ್ರಲ್ ಸ್ಟೇಷನ್‌ಗೆ ರೈಲಿನಲ್ಲಿ ಸುಮಾರು ಕಾಲು ಗಂಟೆ. ಅದಕ್ಕೆ ಬೇರೆ ದುಡ್ಡು. ಐಂಡ್‌ಹೋವನ್‌ನಿಂದ ಬರುವವರಿಗೂ ಅಷ್ಟೇ.

ಕಾಗದದ ಮೇಲೆ ಕೂಡಿಸಿ ನೋಡಿ

ಕಾರ್ಡ್ 24 ಗಂಟೆಯಿಂದ 120 ಗಂಟೆವರೆಗೆ ಐದು ಬಗೆಯಲ್ಲಿ ಸಿಗುತ್ತದೆ. 24 ಗಂಟೆಯದು ಈಗ 60 ಯುರೋ ದಾಟಿದೆ. 48 ಗಂಟೆಯದು ಸುಮಾರು 90ರ ಆಸುಪಾಸು. ಬೆಲೆ ಆಗಾಗ ಏರುತ್ತಿರುತ್ತದೆ, ಕೊಳ್ಳುವ ದಿನ ಒಮ್ಮೆ ನೋಡಿಕೊಳ್ಳಿ.

ಈಗ ಬಿಡಿ ಟಿಕೆಟ್ ಲೆಕ್ಕ. ದೇಶದ ದೊಡ್ಡ ಕಲಾ ಮ್ಯೂಸಿಯಂ ಆದ ರೈಕ್ಸ್‌ಮ್ಯೂಸಿಯಂ ಸುಮಾರು 25 ಯುರೋ. ಚಿತ್ರಕಾರ ರೆಂಬ್ರಾಂಟ್‌ನ ಮನೆ, ಈಗ ಮ್ಯೂಸಿಯಂ, 20. ದೋಣಿ ಸವಾರಿ 20 ಅಂದುಕೊಳ್ಳಿ. ಎರಡು ದಿನದ ಟ್ರಾಮ್ ಪಾಸ್ ಹದಿನೈದು, ಹದಿನಾರು. ಒಟ್ಟು 80ರ ಮೇಲೆ ಒಂದೆರಡು. ಅಂದರೆ ಎರಡು ದಿನದಲ್ಲಿ ಎರಡೇ ಮ್ಯೂಸಿಯಂ ಮತ್ತು ದೋಣಿ ಅನ್ನುವವರಿಗೆ ಕಾರ್ಡ್ ನಷ್ಟ. ಇದಕ್ಕೆ ಹಡಗಿನ ಮ್ಯೂಸಿಯಂ ಮತ್ತು ಸಸ್ಯೋದ್ಯಾನ ಸೇರಿಸಿ, ಲೆಕ್ಕ 110 ದಾಟುತ್ತದೆ. ಈಗ ಕಾರ್ಡ್ ಗೆದ್ದಿತು. ನಾಲ್ಕು ಮ್ಯೂಸಿಯಂ, ಒಂದು ದೋಣಿ. ಇದಕ್ಕಿಂತ ಕಡಿಮೆ ನೋಡುವವರು ಬಿಡಿ ಟಿಕೆಟ್ ತೆಗೆಯಿರಿ, ಹಾಯಾಗಿರಿ.

ಕಾರ್ಡ್ ಇದೆ ಎಂಬ ಒಂದೇ ಕಾರಣಕ್ಕೆ ಆರನೆಯದು, ಏಳನೆಯದು ಎಂದು ಓಡುವವರನ್ನು ಅಲ್ಲಿ ದಿನವೂ ಕಾಣಬಹುದು. ಮ್ಯೂಸಿಯಂ ಬೆಂಚಿನ ಮೇಲೆ ಶೂ ಸಡಿಲಿಸಿಕೊಂಡು ಕೂತಿರುತ್ತಾರೆ, ಪಾಪ. ಗೋಡೆಯ ಮೇಲಿನ ಚಿತ್ರದ ಕಡೆ ಕಣ್ಣೇ ಹೋಗಿರುವುದಿಲ್ಲ.

ಮಕ್ಕಳಿದ್ದರೆ ಲೆಕ್ಕವೇ ಬೇರೆ. ರೈಕ್ಸ್‌ಮ್ಯೂಸಿಯಂ, ವ್ಯಾನ್ ಗಾಗ್ ಎರಡರಲ್ಲೂ 18 ವರ್ಷದೊಳಗಿನವರಿಗೆ ಪ್ರವೇಶ ಉಚಿತ. ಮಕ್ಕಳಿಗೆಂದು ಕಡಿಮೆ ಬೆಲೆಯ ಸಿಟಿ ಕಾರ್ಡ್ ಇಲ್ಲ. ಆದ್ದರಿಂದ ನಾಲ್ಕು ಜನ ಇದ್ದೇವೆ ಎಂದು ನಾಲ್ಕು ಕಾರ್ಡ್ ಕೊಳ್ಳಬೇಡಿ. ದೊಡ್ಡವರಿಗೆ ಎರಡು ಸಾಕು. ಮಕ್ಕಳಿಗೆ ಟ್ರಾಮ್, ದೋಣಿ ಮುಂತಾದವುಗಳ ಟಿಕೆಟ್ ಬೇರೆ ತೆಗೆಯಿರಿ.

ಅಲ್ಲೇ ನೆಲೆಸಿರುವವರಿಗೆ ಒಂದು ಮಾತು: ನಿಮಗೆ ಸಿಟಿ ಕಾರ್ಡ್ ಬೇಡ. ‘ಮ್ಯೂಸಿಯಂಕಾರ್ಟ್’ ಎಂಬ ವರ್ಷದ ಕಾರ್ಡ್ ಇದೆ. ದೇಶದ ನೂರಾರು ಮ್ಯೂಸಿಯಂಗಳಿಗೆ ನಡೆಯುತ್ತದೆ, ವ್ಯಾನ್ ಗಾಗ್ ಕೂಡ ಅದರಲ್ಲಿದೆ. ಅಪ್ಪ ಅಮ್ಮನಿಗೆ ಅದನ್ನು ಕೊಟ್ಟು ಕಳಿಸೋಣ ಅಂದರೆ ಆಗುವುದಿಲ್ಲ, ಕಾರ್ಡ್ ಹೆಸರಿನ ಮೇಲೆ ಇರುತ್ತದೆ.

ಮೀಟರ್ ಹಾಕುವ ಹೊತ್ತು

ಕಾರ್ಡ್ ಲೆಕ್ಕ ಗಂಟೆಯದು, ತಾರೀಖಿನದಲ್ಲ. ಇದೇ ನಿಮ್ಮ ಕೈಯಲ್ಲಿರುವ ಉಪಾಯ. ರೈಕ್ಸ್‌ಮ್ಯೂಸಿಯಂ ಸಂಜೆ 5ಕ್ಕೆ ಬಾಗಿಲು ಹಾಕುತ್ತದೆ, ಉಳಿದವು ಹೆಚ್ಚುಕಡಿಮೆ 5, 6ಕ್ಕೆ. ರಾತ್ರಿಯ ಗಂಟೆಗಳು ಹೇಗೂ ದಂಡ. ಮಂಗಳವಾರ ಬೆಳಿಗ್ಗೆ 9ಕ್ಕೆ 48 ಗಂಟೆಯ ಕಾರ್ಡ್ ಶುರು ಮಾಡಿದರೆ ಸಿಗುವುದು ಎರಡೇ ಹಗಲು. ಅದನ್ನೇ ಮಂಗಳವಾರ ಮಧ್ಯಾಹ್ನ 1 ಗಂಟೆಗೆ ಶುರು ಮಾಡಿದರೆ ಮಂಗಳವಾರ ಅರ್ಧ ದಿನ, ಬುಧವಾರ ಪೂರ್ತಿ, ಗುರುವಾರ ಮಧ್ಯಾಹ್ನದವರೆಗೆ ಸಿಗುತ್ತದೆ. ಗಂಟೆ ಅಷ್ಟೇ, ಆದರೆ ಮೂರು ದಿನಕ್ಕೆ ಹರಡಿತು. ವಯಸ್ಸಾದವರ ಕಾಲಿಗೂ ಇದು ಒಳ್ಳೆಯದು.

ಕಾರ್ಡನ್ನು ಅಧಿಕೃತ ವೆಬ್‌ಸೈಟ್ ಅಥವಾ ಆ್ಯಪ್‌ನಲ್ಲೇ ಕೊಳ್ಳಿ. ಮೊದಲೇ ಕೊಂಡಿಟ್ಟರೂ ತೊಂದರೆಯಿಲ್ಲ, ಬಳಸಿದ ಕ್ಷಣದಿಂದ ಮಾತ್ರ ಗಂಟೆ ಓಡುತ್ತದೆ. ರೈಕ್ಸ್‌ಮ್ಯೂಸಿಯಂಗೆ ಕಾರ್ಡ್ ಇದ್ದರೂ ಒಳಗೆ ಹೋಗುವ ಹೊತ್ತನ್ನು ಆನ್‌ಲೈನ್‌ನಲ್ಲಿ ಮೊದಲೇ ಕಾದಿರಿಸಬೇಕು. ಒಬ್ಬೊಬ್ಬರಿಗೂ ಬೇರೆ ಕಾರ್ಡ್ ಬೇಕು, ಒಂದು ಮ್ಯೂಸಿಯಂಗೆ ಒಂದೇ ಸಲ ಪ್ರವೇಶ. ಊಟಕ್ಕೆ ಹೊರಗೆ ಬಂದು ಮತ್ತೆ ಒಳಗೆ ಹೋಗುವ ಯೋಚನೆ ಇದ್ದರೆ ಬಿಟ್ಟುಬಿಡಿ.

ಟ್ರಾಮ್ ಹತ್ತುವಾಗಲೂ ಇಳಿಯುವಾಗಲೂ ಕಾರ್ಡ್ ತೋರಿಸಿ ‘ಬೀಪ್’ ಕೇಳಿಸಿಕೊಳ್ಳಬೇಕು. ಇಳಿಯುವಾಗ ಮರೆಯುವುದು ನಮ್ಮವರ ಹಳೆಯ ಚಾಳಿ.

ಒಂದು ದಿಕ್ಕಿಗೆ ಒಂದು ದಿನ

ಆಮ್‌ಸ್ಟರ್‌ಡ್ಯಾಮ್ ದೊಡ್ಡ ಊರಲ್ಲ. ಆದರೆ ಪೂರ್ವಕ್ಕೊಮ್ಮೆ ಪಶ್ಚಿಮಕ್ಕೊಮ್ಮೆ ಓಡಾಡಿದರೆ ಗಂಟೆಗಳು ಟ್ರಾಮ್‌ನಲ್ಲೇ ಕರಗುತ್ತವೆ. ಹತ್ತಿರದವನ್ನು ಒಟ್ಟಿಗೆ ಕಟ್ಟಿ.

ಮ್ಯೂಸಿಯಂಪ್ಲೇನ್ ಎಂಬ ದೊಡ್ಡ ಬಯಲಿನ ಸುತ್ತ ರೈಕ್ಸ್‌ಮ್ಯೂಸಿಯಂ, ಆಧುನಿಕ ಕಲೆಯ ಸ್ಟೇಡೆಲಿಕ್, ವ್ಯಾನ್ ಗಾಗ್ ಮೂರೂ ಇವೆ. ರೈಕ್ಸ್‌ಮ್ಯೂಸಿಯಂನಲ್ಲಿ ಸುಮಾರು 8000 ವಸ್ತುಗಳನ್ನು ಇಟ್ಟಿದ್ದಾರೆ. ಎಲ್ಲ ನೋಡುತ್ತೇನೆ ಅನ್ನುವ ಹಟ ಬೇಡ. ಬೆಳಿಗ್ಗೆ 9ರ ಪ್ರವೇಶ ಸಿಕ್ಕರೆ ನೇರವಾಗಿ ಎರಡನೇ ಮಹಡಿಯ ‘ಗ್ಯಾಲರಿ ಆಫ್ ಆನರ್’ಗೆ ಹೋಗಿ. ಗುಂಪುಗಳು ಬರುವ ಮುಂಚೆ ವರ್ಮೀರ್ ಬರೆದ ಹಾಲು ಸುರಿಯುವ ಹೆಂಗಸಿನ ಚಿತ್ರದ ಎದುರು ಒಬ್ಬರೇ ನಿಲ್ಲಬಹುದು. ಕೊನೆಯಲ್ಲಿ ರೆಂಬ್ರಾಂಟ್ 1642ರಲ್ಲಿ ಮುಗಿಸಿದ ‘ನೈಟ್ ವಾಚ್’. ನಾಲ್ಕೂವರೆ ಮೀಟರ್ ಅಗಲದ ಈ ಚಿತ್ರ ಮೊದಲು ಇನ್ನೂ ದೊಡ್ಡದಿತ್ತು. 1715ರಲ್ಲಿ ಪುರಭವನದ ಗೋಡೆಗೆ ಹಿಡಿಸುವುದಿಲ್ಲವೆಂದು ಅಂಚುಗಳನ್ನು ಕತ್ತರಿಸಿಬಿಟ್ಟರು! 2019ರಿಂದ ಅದರ ಪರೀಕ್ಷೆ, ದುರಸ್ತಿ ಜನರ ಕಣ್ಣೆದುರೇ ಗಾಜಿನ ಕೋಣೆಯೊಳಗೆ ನಡೆಯುತ್ತಿದೆ.

ಹೊರಡುವ ಮುನ್ನ ಏಷ್ಯನ್ ಪೆವಿಲಿಯನ್‌ಗೆ ಇಳಿದು ಬನ್ನಿ. ಜಾಸ್ತಿ ಜನ ಅತ್ತ ಹೋಗುವುದಿಲ್ಲ. ಅಲ್ಲಿ ಚೋಳರ ಕಾಲದ ಕಂಚಿನ ನಟರಾಜ ನಿಂತಿದ್ದಾನೆ, ಸುಮಾರು ಒಂದೂವರೆ ಮೀಟರ್ ಎತ್ತರ, ಒಳಗೆ ಟೊಳ್ಳಿಲ್ಲದ ಗಟ್ಟಿ ಎರಕ. ತಮಿಳುನಾಡಿನ ಯಾವುದೋ ಬೀದಿಯಲ್ಲಿ ಉತ್ಸವ ಹೊರಟಿರಬೇಕಾದ ಮೂರ್ತಿ ಅಲ್ವಾ ಅನ್ನಿಸದೆ ಇರುವುದಿಲ್ಲ.

ದೊಡ್ಡ ಬ್ಯಾಗ್ ಒಳಗೆ ಬಿಡುವುದಿಲ್ಲ, ಲಾಕರ್‌ನಲ್ಲಿ ಇಡಬೇಕು. ಮ್ಯೂಸಿಯಂ ಕ್ಯಾಂಟೀನ್ ದುಬಾರಿ. ಅದೇ ಬಯಲಿನ ಒಂದು ತುದಿಯಲ್ಲಿ, ಹುಲ್ಲಿನ ಇಳಿಜಾರಿನ ಕೆಳಗೇ, ಆಲ್ಬರ್ಟ್ ಹೈನ್ ಸೂಪರ್ ಮಾರ್ಕೆಟ್ ಇದೆ. ಮೊಸರು, ಬ್ರೆಡ್ಡು, ಹಣ್ಣು ತಗೊಂಡು ಹುಲ್ಲಿನ ಮೇಲೆ ಕೂತರೆ ಊಟ ಮುಗಿಯಿತು.

ನನ್ನ ಕೇಳಿದರೆ ಕಾರ್ಡ್‌ನ ನಿಜವಾದ ಬೆಲೆ ಹುಟ್ಟುವುದು ಪೂರ್ವದ ಕಡೆ. ಸೆಂಟ್ರಲ್ ಸ್ಟೇಷನ್‌ನಿಂದ 14ನೇ ನಂಬರ್ ಟ್ರಾಮ್ ಆ ಕಡೆ ಹೋಗುತ್ತದೆ. ಒಂದರಿಂದ ಇನ್ನೊಂದಕ್ಕೆ ನಡೆದೇ ಹೋಗಬಹುದು.

ಮೊದಲು ರೆಂಬ್ರಾಂಟ್ ಮನೆ. 1639ರಲ್ಲಿ ಸಾಲ ಮಾಡಿ ಕೊಂಡ ಮನೆ. ಸಾಲ ತೀರಲಿಲ್ಲ, 1656ರಲ್ಲಿ ದಿವಾಳಿ. ಹರಾಜಿಗೆಂದು ಅಧಿಕಾರಿಗಳು ಕೋಣೆ ಕೋಣೆಗೆ ಹೋಗಿ ಸಾಮಾನು ಪಟ್ಟಿ ಮಾಡಿದರು. ಆ ಪಟ್ಟಿ ಉಳಿದುಕೊಂಡದ್ದರಿಂದಲೇ ಇವತ್ತು ಮನೆಯನ್ನು ಹಾಗೇ ಮತ್ತೆ ಜೋಡಿಸಲು ಸಾಧ್ಯವಾಗಿದೆ. ಗೋಡೆಯ ಬೀರುವಿನ ಹಾಗಿರುವ ಗಿಡ್ಡ ಮಂಚ ನೋಡಿ, ಆಗಿನವರು ಒರಗಿಕೊಂಡು ಅರ್ಧ ಕೂತೇ ಮಲಗುತ್ತಿದ್ದರು. ಮೇಲೆ ಎಚಿಂಗ್ ಎಂಬ ಅಚ್ಚಿನ ಚಿತ್ರ ಮಾಡಿ ತೋರಿಸುತ್ತಾರೆ, ಅದನ್ನು ತಪ್ಪಿಸಬೇಡಿ. ಗೆರೆ ಕೊರೆದ ತಾಮ್ರದ ಹಲಗೆಗೆ ಕಪ್ಪು ಶಾಯಿ ಬಳಿಯುತ್ತಾರೆ. ಬಟ್ಟೆಯಿಂದ ಒರೆಸುತ್ತಾರೆ, ಕೊನೆಗೆ ಅಂಗೈಯಿಂದಲೇ ಸವರುತ್ತಾರೆ. ಶಾಯಿ ಗೆರೆಯೊಳಗೆ ಮಾತ್ರ ಉಳಿಯುತ್ತದೆ. ಮೇಲೆ ಒದ್ದೆ ಕಾಗದ ಇಟ್ಟು ಪ್ರೆಸ್ಸಿನ ಚಕ್ರ ತಿರುಗಿಸಿದರೆ ಆಯಿತು. ಕಾಗದ ಎತ್ತುವಾಗ ಸುತ್ತ ನಿಂತವರೆಲ್ಲ ಬಗ್ಗಿ ನೋಡುತ್ತಾರೆ.

ಯುರೋಪಿನಾಚೆ ಕಾಲಿಡದ ಈ ಮನುಷ್ಯ ಮೊಘಲ್ ಚಿತ್ರಗಳನ್ನು ನೋಡಿ ಶಾಹಜಹಾನನನ್ನು ಬರೆದಿದ್ದಾನೆ. ಅಂಥ ಇಪ್ಪತ್ತಕ್ಕೂ ಹೆಚ್ಚು ರೇಖಾಚಿತ್ರಗಳು ಉಳಿದು ಬೇರೆ ಬೇರೆ ಮ್ಯೂಸಿಯಂಗಳಲ್ಲಿ ಹಂಚಿಹೋಗಿವೆ. ಡಚ್ ಈಸ್ಟ್ ಇಂಡಿಯಾ ಕಂಪನಿಯ ವ್ಯಾಪಾರ ನಮ್ಮ ದೇಶದ ಚಿತ್ರಗಳನ್ನೂ ಈ ಊರಿಗೆ ತಂದು ಹಾಕಿತ್ತು.

ಆ ಕಂಪನಿಯ ಹಡಗು ಹೇಗಿತ್ತು ಎಂದು ನೋಡಲು ಮ್ಯಾರಿಟೈಮ್ ಮ್ಯೂಸಿಯಂಗೆ ಹೋಗಿ. 1749ರಲ್ಲಿ ಮೊದಲ ಯಾನದಲ್ಲೇ ಇಂಗ್ಲೆಂಡಿನ ಹೇಸ್ಟಿಂಗ್ಸ್ ಬಳಿ ತೀರದಲ್ಲಿ ಹೂತುಹೋದ ‘ಆಮ್‌ಸ್ಟರ್‌ಡ್ಯಾಮ್’ ಹಡಗಿನ ಪ್ರತಿಕೃತಿ ಆ ಮ್ಯೂಸಿಯಂನದು. ಕೆಳಗಿನ ಅಟ್ಟಣೆಯಲ್ಲಿ ತಲೆ ಬಗ್ಗಿಸಿಯೇ ನಡೆಯಬೇಕು. 17ನೇ ಶತಮಾನದಲ್ಲಿ ಇದೇ ಕಂಪನಿಯವರು ಕುಂದಾಪುರದ ಹತ್ತಿರದ ಬಸ್ರೂರಿಗೆ ಬಂದು ಅಕ್ಕಿ ಕೊಳ್ಳುತ್ತಿದ್ದರು. ಕರಾವಳಿಯವರು ಅಲ್ಲಿನ ಹಳೆಯ ನಕ್ಷೆಗಳ ಮುಂದೆ ಸ್ವಲ್ಪ ಹೊತ್ತು ಜಾಸ್ತಿ ನಿಲ್ಲಬಹುದು.

ಹೊರ್ಟಸ್ ಸಸ್ಯೋದ್ಯಾನ 1638ರದು. ಚಿಕ್ಕ ತೋಟ, ಒಂದು ಗಂಟೆ ಸಾಕು. ಮಲಬಾರಿನಿಂದ ಡಚ್ಚರು ಜಾವಾಕ್ಕೆ ಕಾಫಿ ಒಯ್ದರು. ಜಾವಾದಿಂದ ಒಂದು ಗಿಡ 1706ರಲ್ಲಿ ಈ ತೋಟಕ್ಕೆ ಬಂತು. ಇದರ ಸಂತತಿ ಪ್ಯಾರಿಸ್ಸಿಗೂ ಅಲ್ಲಿಂದ ಅಮೆರಿಕ ಖಂಡಕ್ಕೂ ಹೋಯಿತು. ಬಾಬಾ ಬುಡನ್ ಏಳು ಬೀಜ ತಂದ ಕಥೆ ಕೇಳಿ ಬೆಳೆದ ಚಿಕ್ಕಮಗಳೂರಿನವರಿಗೆ ಇದಕ್ಕಿಂತ ಒಳ್ಳೆಯ ನಿಲ್ದಾಣ ಬೇಕೇ?

ಇನ್ನೊಂದು ಉಳಿಯಿತು, ‘ಅಟ್ಟದ ಮೇಲಿನ ಚರ್ಚು’. 1578ರ ನಂತರ ಈ ಊರಿನಲ್ಲಿ ಕ್ಯಾಥೊಲಿಕರು ಬಹಿರಂಗವಾಗಿ ಪೂಜೆ ಮಾಡುವಂತಿರಲಿಲ್ಲ. 1660ರ ದಶಕದಲ್ಲಿ ಒಬ್ಬ ವ್ಯಾಪಾರಿ ತನ್ನ ಮನೆಗಳ ಮೇಲಿನ ಮಹಡಿಗಳನ್ನು ಸೇರಿಸಿ ಒಳಗೇ ಚರ್ಚು ಕಟ್ಟಿಸಿದ. ಹೊರಗಿನಿಂದ ನೋಡಿದರೆ ಮಾಮೂಲಿ ಮನೆ. ಪೂಜಾಪೀಠದ ಕಂಬದೊಳಗಿಂದ ಹೊರಕ್ಕೆ ತಿರುಗುವ ಪ್ರವಚನದ ಪೀಠ ಇದೆ, ಕೇಳಿ ನೋಡಿ. ಮೆಟ್ಟಿಲು ಕಡಿದು, ಮಂಡಿ ನೋವಿದ್ದವರಿಗೆ ಆಗುವುದಿಲ್ಲ. ಸುತ್ತಲಿನ ಓಣಿಗಳು ಅಲ್ಲಿನ ಕೆಂಪು ದೀಪದ ಪ್ರದೇಶ. ಮನೆಮಂದಿ ಜೊತೆ ಹೋಗುವವರು ಬೆಳಿಗ್ಗೆಯೇ ಹೋಗಿ ಬನ್ನಿ.

ದೋಣಿಯನ್ನು ಸಂಜೆಗೆ ಇಟ್ಟುಕೊಳ್ಳಿ

ಹಗಲಿನ ಗಂಟೆ ಮ್ಯೂಸಿಯಂಗೆ, ಬಾಗಿಲು ಹಾಕಿದ ಮೇಲಿನ ಗಂಟೆ ದೋಣಿಗೆ. ಸುಮಾರು ಒಂದು ಗಂಟೆಯ ಸವಾರಿ, ಕಾಲು ಸೋತಾಗ ಕೂತೇ ಊರು ನೋಡಬಹುದು. ಮನೆಗಳ ನೆತ್ತಿಯಲ್ಲಿ ಚಾಚಿಕೊಂಡ ತೊಲೆ ಮತ್ತು ಕೊಕ್ಕೆ ಗಮನಿಸಿ. ಮೆಟ್ಟಿಲು ಇಕ್ಕಟ್ಟಾದ್ದರಿಂದ ಬೀರು, ಮಂಚ ಎಲ್ಲ ಹಗ್ಗ ಕಟ್ಟಿ ಹೊರಗಿನಿಂದಲೇ ಮೇಲೆತ್ತುತ್ತಾರೆ. ಕೊನೆಯ ದೋಣಿ ಎಷ್ಟು ಹೊತ್ತಿಗೆ ಎಂದು ಮಾತ್ರ ಮೊದಲೇ ಕೇಳಿಟ್ಟುಕೊಳ್ಳಿ, ಋತುವಿನ ಪ್ರಕಾರ ಬದಲಾಗುತ್ತದೆ.

ದುಡ್ಡು ಕೊಡಬೇಕಿಲ್ಲದ ಜಾಗಗಳನ್ನು ಕಾರ್ಡ್ ಓಡುವಾಗ ನೋಡಬೇಡಿ. ಫೋಂಡಲ್‌ಪಾರ್ಕ್, ಬೆಹೈನ್‌ಹೋಫ್ ಎಂಬ ಹಳೆಯ ಅಂಗಳ, ರೈಕ್ಸ್‌ಮ್ಯೂಸಿಯಂನ ತೋಟ, ಸೆಂಟ್ರಲ್ ಸ್ಟೇಷನ್ ಹಿಂದಿನಿಂದ ನೀರು ದಾಟಿಸುವ ಫೆರಿ, ಇವೆಲ್ಲ ಎಲ್ಲರಿಗೂ ಉಚಿತ. ಇವನ್ನು ಬಂದಿಳಿದ ದಿನಕ್ಕೆ ಅಥವಾ ಕಾರ್ಡ್ ಮುಗಿದ ಮೇಲಿನ ಮಧ್ಯಾಹ್ನಕ್ಕೆ ಇಟ್ಟುಕೊಳ್ಳಿ. ವಾಪಸ್ ಸ್ಕಿಪೋಲ್‌ಗೆ ಹೋಗುವ ರೈಲಿಗೆ ಬ್ಯಾಂಕ್ ಕಾರ್ಡನ್ನೇ ಗೇಟಿಗೆ ತೋರಿಸಿದರೆ ಸಾಕು. ಗಂಡ ಹೆಂಡತಿ ಇಬ್ಬರೂ ಒಂದೇ ಕಾರ್ಡ್ ತೋರಿಸಿದರೆ ನಡೆಯುವುದಿಲ್ಲ, ತಲೆಗೊಂದು ಬೇಕು. ಹತ್ತುವಾಗ ಯಾವ ಕಾರ್ಡ್ ತೋರಿಸಿದ್ದಿರೋ ಇಳಿದಾಗಲೂ ಅದನ್ನೇ ತೋರಿಸಿ.