ತಲಪಾಡಿ ದಾಟಿ ಮನೆ ಬದಲಿಸಿದಾಗ: ಯಾವ ವಿಳಾಸವನ್ನು ಯಾವಾಗ ತಿದ್ದಿಸಿದೆ

ಮಂಗಳೂರಿನ ಬಾಡಿಗೆ ಮನೆಯನ್ನು ಬಿಟ್ಟು, ತಲಪಾಡಿಯ ರಾಜ್ಯ ಗಡಿ ದಾಟಿ, ಕೇರಳದ ಕಾಸರಗೋಡು ಜಿಲ್ಲೆಯ ಕುಂಬಳೆಯ ಸಮೀಪದ ನಮ್ಮ ಹಿರಿಯರ ಮನೆಗೆ ಸಂಸಾರ ಸಮೇತ ಬರುವುದೆಂದು ತೀರ್ಮಾನವಾದಾಗ, ನಮ್ಮ ವಿಳಾಸ ಎಲ್ಲೆಲ್ಲಿ ದಾಖಲಾಗಿದೆಯೆಂದು ಮೊದಲು ಒಂದು ಹಾಳೆಯಲ್ಲಿ ಬರೆದಿಟ್ಟುಕೊಂಡೆ. ಬಂದ ವಾರದಲ್ಲೇ ಎಲ್ಲವನ್ನೂ ತಿದ್ದಿಸಬೇಕೆಂದು ಕೆಲವರು ಹೇಳಿದರು, ವರ್ಷಗಟ್ಟಲೆ ಬಿಟ್ಟರೂ ನಡೆಯುತ್ತದೆ ಎಂದವರೂ ಇದ್ದರು. ಈ ಎರಡು ಮಾತುಗಳನ್ನೂ ನಾನು ಒಪ್ಪುವುದಿಲ್ಲ. ಕೆಲವು ಕೆಲಸಗಳು ಹಳೆಯ ಊರು ಬಿಡುವ ಮುಂಚೆಯೇ ಆಗಬೇಕು, ಕೆಲವಕ್ಕೆ ಕಾನೂನೇ ಅವಧಿ ಹೇಳಿದೆ, ಉಳಿದವು ಹೊಸ ಊರಿನ ಮೊದಲ ದಾಖಲೆ ಕೈಸೇರುವವರೆಗೆ ಕಾಯಲೇಬೇಕು.

ಊರು ಬಿಡುವ ಮೊದಲು ಮುಗಿಸಿದ್ದು ಗ್ಯಾಸಿನ ಕೆಲಸ. ಸಿಲಿಂಡರು ಮತ್ತು ರೆಗ್ಯುಲೇಟರನ್ನು ಒಪ್ಪಿಸಿ, ಠೇವಣಿ ಹಿಂಪಡೆದು, ವರ್ಗಾವಣೆಯ ಚೀಟಿ ತೆಗೆದುಕೊಂಡರೆ ಹೊಸ ಊರಿನ ಏಜೆನ್ಸಿಯಲ್ಲಿ ಆ ದಿನದ ದರದ ಠೇವಣಿ ಕಟ್ಟಿ ಸಂಪರ್ಕ ಪಡೆಯಬಹುದು.

ಹೊಸ ಊರಿನಲ್ಲಿ ಎಲ್ಲಕ್ಕೂ ಮೂಲವಾದದ್ದು ಮೊದಲ ವಿಳಾಸದ ದಾಖಲೆ. ವಿದ್ಯುತ್ ಬಿಲ್ಲು ಸುಲಭವೆಂದು ತೋರಿದರೂ ಕೇರಳದಲ್ಲಿ ಮನೆಬಳಕೆಯ ಬಿಲ್ಲು ಸಾಮಾನ್ಯವಾಗಿ ಎರಡು ತಿಂಗಳಿಗೊಮ್ಮೆ ಬರುತ್ತದೆ, ಅದೂ ನಮ್ಮಲ್ಲಿ ತಾಯಿಯ ಹೆಸರಿನಲ್ಲಿತ್ತು. ಆದ್ದರಿಂದ ಆಧಾರ್‌ಗೆ ನಾನು ಕುಟುಂಬದ ಮುಖ್ಯಸ್ಥರ ಮೂಲಕ ವಿಳಾಸ ಬದಲಿಸುವ ದಾರಿಯನ್ನು ಆರಿಸಿಕೊಂಡೆ. 2023ರಿಂದ ಆನ್‌ಲೈನಿನಲ್ಲಿರುವ ಈ ಸೌಲಭ್ಯದಲ್ಲಿ, ಮುಖ್ಯಸ್ಥರ ಆಧಾರ್‌ನಲ್ಲಿರುವ ವಿಳಾಸವೇ ನಮ್ಮದಾಗುತ್ತದೆ. ಸಂಬಂಧವನ್ನು ತೋರಿಸುವ ದಾಖಲೆಯೊಂದನ್ನು ಲಗತ್ತಿಸಬೇಕು, ಮುಖ್ಯಸ್ಥರು ತಮ್ಮ ಮೊಬೈಲಿಗೆ ಬರುವ ಒಟಿಪಿಯಿಂದ ಪ್ರವೇಶಿಸಿ 30 ದಿನಗಳೊಳಗೆ ಒಪ್ಪಿಗೆ ಕೊಡಬೇಕು. ತಾಯಿಯ ಮೊಬೈಲ್ ಸಂಖ್ಯೆ ಆಧಾರ್‌ಗೆ ಜೋಡಣೆಯಾಗಿದೆಯೇ ಎಂದು ಮೊದಲೇ ನೋಡಿಕೊಂಡಿದ್ದರಿಂದ ಜಗಲಿಯಲ್ಲೇ ಕುಳಿತು ಅವರಿಂದ ಒಪ್ಪಿಗೆ ಕೊಡಿಸಿದೆ. ನನ್ನದು ಬದಲಾದ ಮೇಲೆ ನನ್ನನ್ನೇ ಮುಖ್ಯಸ್ಥನಾಗಿಸಿ ಪತ್ನಿಯದನ್ನು ಮಾಡಿದೆವು.

ಇಲ್ಲಿ ವಿಳಾಸ ಬರೆಯುವವರು ಒಂದು ವಿಷಯದಲ್ಲಿ ವಿಶೇಷ ಎಚ್ಚರ ವಹಿಸಬೇಕೆಂದು ಕೇಳಿಕೊಳ್ಳುತ್ತೇನೆ. ನಮ್ಮ ಕಡೆಯ ವಿಳಾಸದಲ್ಲಿ ಬೀದಿಯ ಸಂಖ್ಯೆಗಿಂತ ಮನೆಯ ಹೆಸರು ಮುಖ್ಯ. ಗ್ರಾಮ, ಪಂಚಾಯತು, ಅಂಚೆ ಈ ಮೂರರ ಹೆಸರುಗಳು ಬೇರೆ ಬೇರೆಯಾಗಿರುವುದೂ ಉಂಟು. ತಾಯಿಯ ಆಧಾರ್‌ನಲ್ಲಿದ್ದಂತೆಯೇ ಮನೆಯ ಹೆಸರು, ಅಂಚೆ, 671321 ಎಂಬ ಪಿನ್ ಇಷ್ಟನ್ನೂ ಇಂಗ್ಲಿಷ್ ಕಾಗುಣಿತ ಸಮೇತ ಒಂದು ಚೀಟಿಯಲ್ಲಿ ಬರೆದಿಟ್ಟು, ಮುಂದಿನ ಎಲ್ಲ ಅರ್ಜಿಗಳಿಗೂ ಅದನ್ನೇ ನಕಲು ಮಾಡಿದೆ. ಕೇರಳ ಸರಕಾರದ ಸೇವಾ ಕೇಂದ್ರವಾದ ಅಕ್ಷಯ ಕೇಂದ್ರದಲ್ಲಿ ಬೇರೆಯವರು ಟೈಪ್ ಮಾಡುವಾಗಲೂ ಈ ಚೀಟಿ ಅವರ ಕಣ್ಣೆದುರಿಗಿರಲಿ.

ಬ್ಯಾಂಕಿಗಾಗಿ ಇಷ್ಟೆಲ್ಲ ಕಾಯಬೇಕಾಗಿಲ್ಲ. ಈಗಿನ ವಾಸದ ವಿಳಾಸ ಆಧಾರ್‌ನಲ್ಲಿರುವುದಕ್ಕಿಂತ ಬೇರೆಯಾಗಿದ್ದರೆ ಸ್ವಯಂ ಘೋಷಣೆ ಸಾಕೆಂದು ರಿಸರ್ವ್ ಬ್ಯಾಂಕಿನ ನಿಯಮವೇ ಇದೆ. ಕೊಟ್ಟ ದಾಖಲೆಯಲ್ಲಿ ಬದಲಾವಣೆಯಾದರೆ 30 ದಿನಗಳೊಳಗೆ ತಿಳಿಸಬೇಕೆಂಬುದನ್ನೂ ನೆನಪಿಟ್ಟುಕೊಳ್ಳಬೇಕು. ಪಾಸ್‌ಪೋರ್ಟಿನಲ್ಲಿ ವಿಳಾಸ ಬದಲಿಸುವುದೆಂದರೆ ಹೊಸ ಪುಸ್ತಕವನ್ನೇ ಪಡೆಯುವುದು, ಅದಕ್ಕೆ ಪೊಲೀಸ್ ಪರಿಶೀಲನೆಯೂ ಇರುವುದರಿಂದ ಆಧಾರ್ ಮುಗಿದ ಮೇಲೆಯೇ ಅದಕ್ಕೆ ಕೈಹಚ್ಚಿದೆ.

ಮತದಾರರ ಪಟ್ಟಿಗೆ ನಮೂನೆ 8. ಹಿಂದೆ ಬೇರೆ ಕ್ಷೇತ್ರಕ್ಕೆ ಹೋದವರು ನಮೂನೆ 6ರಲ್ಲಿ ಹೊಸದಾಗಿ ಅರ್ಜಿ ಹಾಕಬೇಕಿತ್ತು, 2022ರ ಆಗಸ್ಟಿನಿಂದ ವಾಸ ಬದಲಾವಣೆಯೆಲ್ಲ ನಮೂನೆ 8ರಲ್ಲೇ ನಡೆಯುತ್ತದೆ. ಎರಡು ಕಡೆ ಹೆಸರಿರುವುದನ್ನು ಕಾನೂನು ಒಪ್ಪುವುದಿಲ್ಲವಾದ್ದರಿಂದ ಹಳೆಯ ಗುರುತಿನ ಚೀಟಿಯ ಸಂಖ್ಯೆಯನ್ನು ತಪ್ಪದೆ ಬರೆಯಬೇಕು. ಆದರೆ ಕರ್ನಾಟಕದಿಂದ ಬಂದವರಲ್ಲಿ ಹೆಚ್ಚಿನವರ ಗಮನಕ್ಕೆ ಬಾರದ ಸಂಗತಿಯೆಂದರೆ, ಕೇರಳದಲ್ಲಿ ಪಂಚಾಯತು ಚುನಾವಣೆಯ ಮತದಾರರ ಪಟ್ಟಿಯನ್ನು ರಾಜ್ಯ ಚುನಾವಣಾ ಆಯೋಗ ಪ್ರತ್ಯೇಕವಾಗಿ ಸಿದ್ಧಪಡಿಸುತ್ತದೆ. ವಿಧಾನಸಭೆಯ ಪಟ್ಟಿಗೆ ಹೆಸರು ಬಂತೆಂದು ಸುಮ್ಮನಿರದೆ ಇದಕ್ಕೂ ಬೇರೆಯೇ ಅರ್ಜಿ ಹಾಕಬೇಕು. ನಮ್ಮ ವಾರ್ಡಿನ ರಸ್ತೆ, ನೀರಿನ ಪ್ರಶ್ನೆ ನಿರ್ಧಾರವಾಗುವುದು ಅಲ್ಲಿಯೇ ಆದ್ದರಿಂದ ನಾನು ಇದನ್ನು ಮುಂದೂಡಲಿಲ್ಲ.

ಹೆಚ್ಚು ಯೋಚಿಸಿ ಮಾಡಬೇಕಾದದ್ದು ವಾಹನದ ವಿಷಯ. ಮೋಟಾರು ವಾಹನ ಕಾಯ್ದೆಯ 49ನೇ ಕಲಮಿನಂತೆ ಮಾಲೀಕನ ವಾಸಸ್ಥಳ ಬದಲಾದರೆ 30 ದಿನಗಳೊಳಗೆ ನೋಂದಣಿ ಪ್ರಾಧಿಕಾರಕ್ಕೆ ತಿಳಿಸಬೇಕು. 47ನೇ ಕಲಮಿನಂತೆ ಬೇರೆ ರಾಜ್ಯದಲ್ಲಿ 12 ತಿಂಗಳಿಗಿಂತ ಹೆಚ್ಚು ಕಾಲ ಇಟ್ಟುಕೊಳ್ಳುವ ವಾಹನಕ್ಕೆ ಅಲ್ಲಿಯ ಹೊಸ ನೋಂದಣಿ ಸಂಖ್ಯೆ ಪಡೆಯಬೇಕು. ದಿನವೂ ತಲಪಾಡಿ ದಾಟಿ ಮಂಗಳೂರಿಗೆ ಹೋಗಿಬರುವವರು ಕೆಎ 19 ಸಂಖ್ಯೆಯಲ್ಲೇ ಇರಲಿ ಎನ್ನುವುದುಂಟು. ಆದರೆ ರಾತ್ರಿ ವಾಹನ ನಿಲ್ಲುವುದು ಕುಂಬಳೆಯ ಅಂಗಳದಲ್ಲಾದರೆ ಕಾಯ್ದೆಯ ಲೆಕ್ಕಕ್ಕೆ ಅದು ಕೇರಳದಲ್ಲಿರುವ ವಾಹನವೇ. ನಾವು ಇಲ್ಲಿಯೇ ನೆಲೆಸುವುದು ಖಚಿತವಾಗಿದ್ದರಿಂದ ನಾನು ವರ್ಷ ತುಂಬಲು ಕಾಯಲಿಲ್ಲ. ಬಾಕಿಯಿದ್ದ ದಂಡವನ್ನು ಕಟ್ಟಿ, ವಾಹನ ಸಾಲ ನೀಡಿದ ಬ್ಯಾಂಕಿನ ಒಪ್ಪಿಗೆ ಪಡೆದು, ನಮೂನೆ 28ರಲ್ಲಿ ಮಂಗಳೂರಿನ ಸಾರಿಗೆ ಕಚೇರಿಯಿಂದ ನಿರಾಕ್ಷೇಪಣಾ ಪತ್ರ ತಂದೆ. ಕಾಸರಗೋಡಿನಲ್ಲಿ ಹೊಸ ಸಂಖ್ಯೆಗೆ ನಮೂನೆ 27, ವಿಳಾಸ ಬದಲಾವಣೆಗೆ ನಮೂನೆ 33 ಸಲ್ಲಿಸಿ, ಕೇರಳದ ತೆರಿಗೆ ಕಟ್ಟಿದ ಮೇಲೆ ಕೆಎಲ್ 14 ಸಂಖ್ಯೆ ಬಂತು. ವಿಮೆಯ ಪಾಲಿಸಿಯಲ್ಲಿಯೂ ಆ ಸಂಖ್ಯೆ ಮತ್ತು ವಿಳಾಸವನ್ನು ಕೂಡಲೇ ಬದಲಿಸಿದೆ. ಕರ್ನಾಟಕದಲ್ಲಿ ಮೊದಲೇ ಕಟ್ಟಿದ ಜೀವಾವಧಿ ತೆರಿಗೆಯ ಉಳಿದ ಭಾಗವನ್ನು ಹಿಂಪಡೆಯಲು ಹೊಸ ನೋಂದಣಿ ಪತ್ರದ ಪ್ರತಿ ಬೇಕಾಗುವುದರಿಂದ, ಆ ಅರ್ಜಿಯನ್ನು ಎಲ್ಲ ಮುಗಿದ ಬಳಿಕ ಮಂಗಳೂರಿನ ಕಚೇರಿಗೆ ಸಲ್ಲಿಸಿದೆ.