ಮುಡಿಯ ಲೆಕ್ಕ, ಅಟ್ಟೆಯ ಲೆಕ್ಕ

ನಮ್ಮಲ್ಲಿ ಬೇಸಾಯ ಎರಡು. ಮನೆಯ ಕೆಳಗಿನ 40 ಸೆಂಟ್ಸ್ ಬೈಲು ಗದ್ದೆಯ, ಅಂದರೆ ತಗ್ಗಿನ ಗದ್ದೆಯ, ಭತ್ತ ಮಾರಾಟಕ್ಕೆ ಹೋಗುವುದಿಲ್ಲ. ಮೇಲಿನ ಬೆಟ್ಟು ಗದ್ದೆಯ, ಅಂದರೆ ಎತ್ತರದ ಗದ್ದೆಯ, 10 ಸೆಂಟ್ಸ್‌ನಲ್ಲಿ 60 ಮಲ್ಲಿಗೆ ಗಿಡ. ಶುಕ್ರವಾರ ಅಮ್ಮ ಮುಡಿಯುವ ಒಂದು ತುಂಡು ಬಿಟ್ಟರೆ ಹೂವೆಲ್ಲ ಮಾರಾಟಕ್ಕೇ. ಪಿಯುಸಿಯಲ್ಲಿ ಜೀವನಾಧಾರ ಬೇಸಾಯ, ವಾಣಿಜ್ಯ ಬೇಸಾಯ ಎಂದು ನಡುವೆ ಗೆರೆ ಎಳೆದು ವ್ಯತ್ಯಾಸ ಬರೆದವನು ನಾನು. ಆ ಗೆರೆ ನಮ್ಮ ಅಂಗಳದಲ್ಲೇ ಹಾದುಹೋಗುತ್ತದೆಂದು ಆಗ ಹೊಳೆದಿರಲಿಲ್ಲ.

ಅಜ್ಜ ಚಾಲಗೇಣಿ ಒಕ್ಕಲು, ಅಂದರೆ ಧಣಿ ಬೇಕೆಂದಾಗ ಬಿಡಿಸಬಹುದಾದ ಗೇಣಿದಾರ. ಧಣಿಗಳ ಮನೆಗೆ ಗೇಣಿಯ ಅಕ್ಕಿ ಮುಡಿ (ಬೈಹುಲ್ಲಿನಲ್ಲಿ ಕಟ್ಟಿದ ಅಕ್ಕಿಯ ಮೂಟೆ) ಮೊದಲು ಹೋಗಬೇಕು, ಉಳಿದದ್ದು ನಮಗೆ. ಸ್ವಂತ ಊಟಕ್ಕೆ ಬೆಳೆಯುವುದು ಎಂಬ ಪುಸ್ತಕದ ಮಾತು ನಿಜವಾದದ್ದು 1974ರ ಭೂಸುಧಾರಣೆ ತಿದ್ದುಪಡಿ ಬಂದು, ಅಜ್ಜ ಗದ್ದೆ ತನಗೆ ಸಿಗಬೇಕೆಂದು ಡಿಕ್ಲರೇಶನ್ (ಅರ್ಜಿ) ಹಾಕಿ, ಗದ್ದೆ ಕೈಗೆ ಬಂದ ಮೇಲೆ.

ಮಲ್ಲಿಗೆ ನೆಡುವ ಮೊದಲು ಊಟದ ಲೆಕ್ಕ ಹಾಕಿದೆ. ಐದು ಜನಕ್ಕೆ ತಿಂಗಳಿಗೆ 40 ಕಿಲೋ ಕುಚ್ಚಲಕ್ಕಿ, ವರ್ಷಕ್ಕೆ 480. ಕ್ವಿಂಟಾಲ್ ಭತ್ತಕ್ಕೆ ಮಿಲ್ಲಿನಿಂದ ನಮಗೆ ಬರುವುದು 65 ಕಿಲೋ ಅಕ್ಕಿ. ಅಂದರೆ ಏಳೂವರೆ ಕ್ವಿಂಟಾಲ್ ಭತ್ತ ಸಾಕು. ಮಳೆಗಾಲದ ಬೆಳೆ ಏಣೆಲಿಗೆ ಎಂಒ-4 ತಳಿಯ ಭತ್ತ ಹಾಕಿದರೆ ಬೈಲಿನಲ್ಲೇ ಅಷ್ಟಾಗುತ್ತದೆ. ಆಮೇಲಿನ ಎರಡನೇ ಬೆಳೆ ಸುಗ್ಗಿಗೆ ನೀರು ಸಾಲದು, ಉದ್ದು ಬಿತ್ತುತ್ತೇವೆ. ಬೆಟ್ಟು ಗದ್ದೆಯಲ್ಲಿ ಭತ್ತಕ್ಕೆ ಬರೀ ಮಳೆ ನಂಬಬೇಕು, ನೀರು ನಿಲ್ಲುವುದು ಕಡಿಮೆ. ಮಲ್ಲಿಗೆಗೆ ಅದೇ ಸರಿಯಾದ ಜಾಗ, ಬುಡದಲ್ಲಿ ನೀರು ನಿಂತರೆ ಬೇರು ಕೊಳೆಯುತ್ತದೆ. ಗೊತ್ತಿದ್ದೂ ಮೊದಲ ವರ್ಷ ಹುಣಿಯ (ಗದ್ದೆಯ ಬದುವಿನ) ಪಕ್ಕ ನೀರು ಹರಿದುಹೋಗಲು ಕಣಿ ತೋಡದೆ ಉದಾಸೀನ ಮಾಡಿದೆ. ಜೋರು ಮಳೆಯ ಆಟಿ ತಿಂಗಳು ಮುಗಿಯುವಷ್ಟರಲ್ಲಿ 18 ಗಿಡ ಹೋದವು.

ಭತ್ತ ಒಣಗಿಸಿಟ್ಟರೆ ವರ್ಷ ಇರುತ್ತದೆ. ಮಲ್ಲಿಗೆಗೆ ಅರ್ಧ ದಿನದ ಪುರುಸೊತ್ತೂ ಇಲ್ಲ. ಬೆಳಿಗ್ಗೆ ಆರಕ್ಕೆ ಮೊಗ್ಗು ಕೊಯ್ದು, ಬಾಳೆ ನಾರಿನಲ್ಲಿ ಕಟ್ಟಿ, ಹನ್ನೊಂದರೊಳಗೆ ಮುಟ್ಟಿಸಬೇಕು. 800 ಹೂವಿಗೆ ಒಂದು ಚೆಂಡು, ನಾಲ್ಕು ಚೆಂಡಿಗೆ ಒಂದು ಅಟ್ಟೆ. ಅಟ್ಟೆಯ ದರ ಉಡುಪಿ ಜಿಲ್ಲೆಯ ಮಲ್ಲಿಗೆ ಪೇಟೆ ಶಂಕರಪುರದಲ್ಲಿ ದಿನಾ ಹೊಸತು. ಬೇಸಗೆಯಲ್ಲಿ ಗಿಡ ತುಂಬ ಹೂವಿದ್ದಾಗ ದರ ಬೀಳುತ್ತದೆ, ದರ ಏರಿದಾಗ ಗಿಡ ಬೋಳು. ಬೇಗ ಹಾಳಾಗುವ ಬೆಳೆ ಪೇಟೆಯ ಹತ್ತಿರ, ಧಾನ್ಯ ದೂರ ಎಂದು ಜರ್ಮನಿಯ ಅರ್ಥಶಾಸ್ತ್ರಜ್ಞ ಫಾನ್ ಥ್ಯೂನೆನ್ 1826ರಲ್ಲೇ ಹೇಳಿದ್ದ. ಅವನದು ಗಾಡಿಯ ಕಾಲ. ಈಗ ನಮ್ಮ ಹೂವು ಮುಂಬೈಗೂ ಹೋಗುತ್ತದೆ. ಆದರೂ ಬೈಕಿನಲ್ಲಿ ಹತ್ತು ನಿಮಿಷಕ್ಕೆ ಕೊಳ್ಳುವವರು ಸಿಗದಿದ್ದರೆ ನಾನು ಗಿಡ ನೆಡುತ್ತಲೇ ಇರಲಿಲ್ಲ.

ಒಮ್ಮೆ ಭತ್ತಕ್ಕೆ ನನ್ನ, ಅಮ್ಮನ ದುಡಿಮೆಯ ಕೂಲಿಯನ್ನೂ ಸೇರಿಸಿ ನೋಡಿದೆ. ಅಂಗಡಿ ಅಕ್ಕಿಯೇ ಅಗ್ಗ! ಅಮ್ಮನಿಗೆ ಹೇಳಿದರೆ, "ಉಣ್ಣುವ ಅನ್ನಕ್ಕೆ ಎಂಥ ಲೆಕ್ಕ ಮಗ? ಹೂವಿಗೆ ಮಾಡು ಲೆಕ್ಕ. ಬೈಹುಲ್ಲು ಬರೆದಿದ್ದೀಯಾ?" ಬರೆದಿರಲಿಲ್ಲ. ಬೈಹುಲ್ಲು ದನಕ್ಕೆ, ದನದ ಗೊಬ್ಬರ ಮಲ್ಲಿಗೆ ಬುಡಕ್ಕೆ. ಬೈಲು ಬಿಟ್ಟರೆ ಹೂವಿನ ಖರ್ಚೂ ಏರುತ್ತಿತ್ತು.

2020ರ ಲಾಕ್‌ಡೌನಿನಲ್ಲಿ ಮದುವೆಗಳಿಲ್ಲ, ದೇವಸ್ಥಾನಗಳು ಬಾಗಿಲು ಹಾಕಿದ್ದವು. ಹೂವು ಗಿಡದಲ್ಲೇ ಅರಳಿ ಉದುರಿತು. ಅಕ್ಕಿ ಮಾತ್ರ ಮನೆಯಲ್ಲಿತ್ತು. ಹಾಗೆಂದು ಮಗಳ ಕಾಲೇಜು ಫೀಸನ್ನು ಅಕ್ಕಿ ಅಳೆದು ಕಟ್ಟಲಾಗುವುದಿಲ್ಲ. ಈ ವರ್ಷ ಬೆಟ್ಟಿನಲ್ಲಿ ಇನ್ನೂ 20 ಗಿಡ ಹಾಕುವವನಿದ್ದೇನೆ. ಕಣಿ ಮೊದಲೇ ತೋಡಿ ಆಗಿದೆ.