ಟ್ಯಾಂಕ್ ಬಾಯಿ ಸುತ್ತ ಬಣ್ಣ ಏಳೂದು ನಿಂತಿತು

ಪೆಟ್ರೋಲ್ ಹಾಕಿಸುವಾಗ ಹನಿ ಬಿದ್ದಲ್ಲೆಲ್ಲ ಬೈಕಿನ ಟ್ಯಾಂಕಿನ ಬಣ್ಣ ಅಂಟಂಟಾಗಿ, ಬೆರಳಿಟ್ಟರೆ ಎದ್ದು ಬರುತ್ತಿತ್ತು. ಮಾಮೂಲಿ ಸ್ಪ್ರೇ ಡಬ್ಬಿ ಬಣ್ಣದ ಹಣೆಬರಹವೇ ಇಷ್ಟು: ಬರೀ ಥಿನ್ನರ್ ಆರಿ ಗಟ್ಟಿಯಾಗುವುದು, ಪೆಟ್ರೋಲ್ ತಾಗಿದರೆ ಮೆತ್ತಗಾಗುತ್ತದೆ. ಹುಬ್ಬಳ್ಳಿಯ ಪೇಂಟರ್ ಕಾಕಾ ಹೇಳಿದ್ದು, “ಬಣ್ಣ ಯಾವುದರ ಹಚ್ಚರಿ, ಮ್ಯಾಲಿನ ಕ್ಲಿಯರ್ ಮಾತ್ರ ಹಾರ್ಡನರ್ ಕೂಡಿಸೂದ ಇರಬೇಕು ನೋಡ್ರಿ.” ಕ್ಲಿಯರ್ ಅಂದರೆ ಬಣ್ಣದ ಮೇಲಿನ ಪಾರದರ್ಶಕ ಪದರ, ಹಾರ್ಡನರ್ ಅಂದರೆ ಅದಕ್ಕೆ ಬೆರೆಸುವ ಗಟ್ಟಿಗೊಳಿಸುವ ದ್ರವ.

ಟ್ಯಾಂಕ್ ಬಿಚ್ಚಿ, ಖಾಲಿ ಮಾಡಿ, ಹಳೇ ಪದರ ಕೈಯಿಂದಲೇ ತಿಕ್ಕಿ ತೆಗೆದೆ. ಒಳಗೆ ಆವಿ ಇರುವಾಗ ಗ್ರೈಂಡರ್ ಕಿಡಿ ತಾಗಿಸೂದುಂಟೇ? ಜಿಡ್ಡು ಒರೆಸಿ ಎಪಾಕ್ಸಿ ಪ್ರೈಮರ್ (ತಳದ ಪದರ), 400ರ ವಾಟರ್ ಪೇಪರಿನಿಂದ ಉಜ್ಜು, ತೆಳ್ಳಗೆ ಬಣ್ಣ, ಕೊನೆಗೆ ಹಾರ್ಡನರ್ ಬೆರೆಸುವ ಟೂ-ಕೆ ಪಾಲಿಯುರೆಥೇನ್ ಕ್ಲಿಯರ್. ಮುಚ್ಚಳದ ಅಂಚಿನ ಸಂದಿಗೂ ಕ್ಲಿಯರ್ ಹೋಗಲೇಬೇಕು. ಪೆಟ್ರೋಲ್ ನುಸುಳುವುದು ಅಲ್ಲಿಂದಲೇ. ಹಾರ್ಡನರಿನಲ್ಲಿ ಐಸೋಸಯನೇಟ್ ಎಂಬ ಉಸಿರಿಗೆ ಅಪಾಯದ ರಾಸಾಯನಿಕ ಇರುತ್ತದೆ, ಧೂಳಿನ ಮಾಸ್ಕ್ ಸಾಲದು. ವಾರ ಒಣಗಿಸಿದ ಮೇಲೆ ಪೆಟ್ರೋಲ್ ತುಳುಕಿತು, ಒರೆಸಿದೆ, ಕಲೆಯಿಲ್ಲ.